ಬಾವಿಗೆ ಬಿದ್ದವಳ ಕಿರುಚಾಟ

ಎರ್ಸಿಲಿಯಾ: ಏನಂದೆ? ಇನ್ನೊಂದ್ಸಲ ಹೇಳು. ಅಷ್ಟು ದೂರದಿಂದ ಬಂದಿದಾರೆ ಪಾಪ, ಅವರ ಮುಂದೇನೇ ಹೇಳು.

ಗಾಸ್ಪರೆ: ಬಾಗಿಲು ಅಂದೆ.

ಎರ್ಸಿಲಿಯಾ: ಯಾವ ಬಾಗಿಲು?

ಗಾಸ್ಪರೆ: ಉಗ್ರಾಣದ ಬಾಗಿಲು. ಹಳೇ ಮನೇದು.

ಎರ್ಸಿಲಿಯಾ: ಅಂದ್ರೆ, ಬಾವಿಗೆ ಬೀಳೋವಾಗ ಕಿರುಚಿದ್ದು ನಾನಲ್ಲ. ನಮ್ಮನೆ ಉಗ್ರಾಣದ ಬಾಗಿಲು.

ಗಾಸ್ಪರೆ: ನೀನೂ ಕಿರುಚ್ದೆ ಕಣೆ. ಇಲ್ಲ ಅಂದೋರ್ಯಾರು? ಆದ್ರೆ ಸಿನಿಮಾದಲ್ಲಿರೋದು ಬಾಗಿಲು.

ವೆಂಡೆಲಿನ್: ನಿಲ್ಲಿ. ಈ ಗೋಡೆಗಳು ಇಂಥ ಮಾತನ್ನು ಹಿಂದೆಂದೂ ಕೇಳಿರಲಾರವು.

ಗಾಸ್ಪರೆ: ಗೋಡೆ ವಿಷ್ಯ ಅಲ್ಲಪ್ಪಾ ಇದು. ಬಾಗಿಲು ವಿಷ್ಯ.

ಊಟವಾದ ತಟ್ಟೆಗಳು ಇನ್ನೂ ಮೇಜಿನ ಮೇಲೇ ಇದ್ದವು. ಗಾಸ್ಪರೆ ಕಿತ್ತಳೆ ಹಣ್ಣಿನ ಸಿಪ್ಪೆಯನ್ನು ಒಂದೇ ಸುರುಳಿಯಾಗಿ ಬಿಡಿಸುತ್ತ, ಮಾತಾಡಿದ್ದು ತಾನಲ್ಲ ಆ ಹಣ್ಣೇ ಎಂಬಂತೆ ಅದನ್ನೇ ನೋಡುತ್ತಿದ್ದ. ಎರ್ಸಿಲಿಯಾ ಬೆಳಿಗ್ಗೆಯೇ ರೋಮಿನ ತಮ್ಮ ಬಡಾವಣೆ ತೆಸ್ತಾಚ್ಚೊದ ಮಾರುಕಟ್ಟೆಯ ಪಕ್ಕದ ಅಂಗಡಿಗೆ ಹೋಗಿ ಕೂದಲು ಸೆಟ್ ಮಾಡಿಸಿಕೊಂಡು, ಮಗಳ ಮದುವೆಗೆ ಹೊಲಿಸಿದ್ದ ನೀಲಿ ಉಡುಪು ಹಾಕಿಕೊಂಡು ತಯಾರಾಗಿದ್ದಳು. ಇಬ್ಬರ ನಡುವೆ, ಮೂರು ಕಾಲಿನ ಮೇಲೆ ನಿಂತ ಕ್ಯಾಮೆರಾದ ಹಿಂದೆ, ಅದಕ್ಕಿಂತ ಸ್ವಲ್ಪ ಎತ್ತರವಾಗಿ ನಿಂತಿದ್ದವನು ಬ್ರೆಮೆನ್‌ನಿಂದ ಬಂದ ವೆಂಡೆಲಿನ್.

ವೆಂಡೆಲಿನ್‌ನ ಕಂಪನಿ ಹಳೆಯ ಸಿನಿಮಾಗಳನ್ನು ಡಿಸ್ಕಿಗೆ ಹಾಕಿ ಮಾರುತ್ತಿತ್ತು. ಹಳೆಯದೆಂದರೆ ಒಳ್ಳೆಯದೆಂದಲ್ಲ. ಎಪ್ಪತ್ತರ ದಶಕದಲ್ಲಿ ರೋಮಿನಲ್ಲೂ ಮ್ಯಾಡ್ರಿಡ್‌ನಲ್ಲೂ ಅವಸರವಸರವಾಗಿ ಸುತ್ತಿ ಬಿಸಾಡಿದ ಸರಕು ಅದು. ದೆವ್ವ ಹಿಡಿದ ಕನ್ಯಾಸ್ತ್ರೀಯರು, ನರಭಕ್ಷಕರು, ಕೈಗವಸು ತೊಟ್ಟ ಕೊಲೆಗಾರರು, ಕಾರಣವಿಲ್ಲದೆ ಪದೇ ಪದೇ ಸ್ನಾನ ಮಾಡುವ ಕೌಂಟೆಸ್‌ಗಳು. ಆ ಸಿನಿಮಾಗಳು ತಿಗಣೆ ತುಂಬಿದ ಟಾಕೀಸುಗಳಲ್ಲಿ ಒಂದಷ್ಟು ದಿನ ಓಡಿ, ಪಾದ್ರಿಗಳಿಂದ ಬೈಸಿಕೊಂಡು, ವಿಮರ್ಶಕರಿಂದ ಬೈಸಿಕೊಳ್ಳುವ ಯೋಗ್ಯತೆಯೂ ಇಲ್ಲದೆ ಮಾಯವಾಗಿದ್ದವು. ಈಗ ಅವುಗಳ ನೆಗೆಟಿವ್ ಹುಡುಕಿ ತಂದು, ಗೀರು ತೆಗೆದು, ಬಣ್ಣ ಸರಿಪಡಿಸಿ, ಸದ್ದು ತೊಳೆದು, ಗಟ್ಟಿ ಪೆಟ್ಟಿಗೆಯಲ್ಲಿಟ್ಟು ಜೊತೆಗೊಂದು ಪುಸ್ತಿಕೆ ಸೇರಿಸಿದರೆ, ಕೊಂಡವರು ಅದನ್ನು ಸಂತರ ಎಲುಬಿನ ಹಾಗೆ ಕಪಾಟಿನಲ್ಲಿಟ್ಟು ಕಾಪಾಡಿಕೊಳ್ಳುತ್ತಾರೆ.

ಆ ಕಾಲದಲ್ಲಿ ಸಿನಿಮಾದ ಸದ್ದನ್ನೆಲ್ಲ ಆಮೇಲೆ ಸ್ಟುಡಿಯೋದಲ್ಲಿ ತುಂಬುತ್ತಿದ್ದರು. ನಟಿ ಕ್ಯಾಮೆರಾದ ಮುಂದೆ ಬಾಯಿ ತೆರೆಯುತ್ತಿದ್ದಳು. ಕಿರುಚಾಟ ಮಾತ್ರ ಎರ್ಸಿಲಿಯಾಳದು. ಕತ್ತು ಹಿಸುಕಿಸಿಕೊಂಡವರು, ಮಹಡಿಯಿಂದ ಬಿದ್ದವರು, ಶವಪೆಟ್ಟಿಗೆಯಲ್ಲಿ ಎಚ್ಚರವಾದವರು, ಎಲ್ಲರ ಗಂಟಲೂ ಅವಳೇ. ಗಾಸ್ಪರೆ ಅದೇ ಸ್ಟುಡಿಯೋದಲ್ಲಿ ಸದ್ದಿನವನು. ಎಲೆಕೋಸು ಕತ್ತರಿಸಿ ತಲೆ ಕಡಿಯುತ್ತಿದ್ದ, ಸೆಲೆರಿ ದಂಟು ಮುರಿದು ಮೂಳೆ ಮುರಿಯುತ್ತಿದ್ದ, ಒದ್ದೆ ಬಟ್ಟೆ ಹಿಂಡಿ ಕರುಳು ಕೀಳುತ್ತಿದ್ದ. ಗಂಡ ಹೆಂಡತಿಗೆ ಮೊದಲ ಪರಿಚಯವಾದದ್ದು ಹೀಗೆ ಒಂದು ಕೊಲೆಯಲ್ಲಿ. ಸಂಜೆ ಆ ಎಲೆಕೋಸನ್ನೇ ಮನೆಗೆ ಒಯ್ದು ಪಲ್ಯ ಮಾಡಿದ್ದರಂತೆ.

ವೆಂಡೆಲಿನ್ ಈಗ ಹೊರತರುತ್ತಿದ್ದ ಸಿನಿಮಾ ‘ಕೆಂಪು ಕೈಗವಸಿನ ಕನ್ಯಾಸ್ತ್ರೀ’. ಅದರಲ್ಲಿ ಮಠದ ಹುಡುಗಿಯೊಬ್ಬಳು ಬಾವಿಗೆ ಬೀಳುವಾಗ ಕಿರುಚುತ್ತಾಳೆ. ಆ ಒಂದು ಕಿರುಚಾಟಕ್ಕೆ ಟೋಕಿಯೋದಿಂದ ಗ್ಲಾಸ್ಗೋವರೆಗೆ ಭಕ್ತರಿದ್ದಾರೆ. ಮೊಬೈಲಿನ ರಿಂಗಿಗೆ ಹಾಕಿಕೊಂಡವರಿದ್ದಾರೆ. ಪುಸ್ತಿಕೆಯಲ್ಲಿ ಮೊಟ್ಟಮೊದಲ ಸಲ ‘ಕಿರುಚಾಟ: ಎರ್ಸಿಲಿಯಾ ತೊಝ್ಝಿ’ ಎಂದು ಅಚ್ಚು ಹಾಕಿಸುತ್ತೇನೆ ಎಂದು ವೆಂಡೆಲಿನ್ ಹೇಳಿದ್ದೇ ತಡ, ಅಲ್ಲಿಯವರೆಗೆ ತೆಪ್ಪಗಿದ್ದ ಗಾಸ್ಪರೆ ಬಾಗಿಲಿನ ಮಾತು ತೆಗೆದಿದ್ದ.

ಎರ್ಸಿಲಿಯಾ: ಇಷ್ಟು ವರ್ಷ ಬಾಯಲ್ಲೇನು ಕಡುಬು ಇಟ್ಕೊಂಡಿದ್ಯಾ?

ಗಾಸ್ಪರೆ: ನಿಂಗೆ ಬೇಜಾರಾಗುತ್ತೆ ಅಂತ ಸುಮ್ನಿದ್ದೆ.

ಎರ್ಸಿಲಿಯಾ: ಈಗ ಬೇಜಾರಾಗಲ್ವಾ?

ಗಾಸ್ಪರೆ: ಈಗ ಪ್ರಿಂಟ್ ಮಾಡ್ತಾರಂತೆ. ಬಾಯಲ್ಲಿ ಹೇಳ್ಕೊಂಡು ಓಡಾಡೋದು ಬೇರೆ, ಪ್ರಿಂಟ್ ಆಗೋದು ಬೇರೆ. ಪ್ರಿಂಟ್ ಆದ್ಮೇಲೆ ಸುಳ್ಳು ಅಲ್ಲಾಡಲ್ಲ.

ಎರ್ಸಿಲಿಯಾ: ನಿಂಗೆ ಹೊಟ್ಟೆಕಿಚ್ಚು.

ಗಾಸ್ಪರೆ: ನಂಗ್ಯಾಕೆ? ನಾನು ಬಾಗಿಲಿನ ಪರವಾಗಿ ಮಾತಾಡ್ತಿದೀನಿ.

ಎರ್ಸಿಲಿಯಾ: ನೋಡಿ ಸ್ವಾಮಿ, ಬಾಗಿಲಿಗೆ ವಕೀಲ ಸಿಕ್ಕಿದಾನೆ.

ಹೊಟ್ಟೆಕಿಚ್ಚು ಇರಲಿಲ್ಲವೆಂದೂ ಹೇಳಲಾಗದು. ವೆಂಡೆಲಿನ್ ಬೆಳಿಗ್ಗೆಯಿಂದ ಎರ್ಸಿಲಿಯಾಳ ಉಸಿರಾಟ, ಅವಳ ಗಂಟಲು, ಅವಳ ಮೊದಲ ಕೊಲೆ ಎಂದು ಕೇಳಿದ್ದೇ ಕೇಳಿದ್ದು. ಗಾಸ್ಪರೆಯನ್ನು ಕೇಳಿದ್ದು ಒಂದೇ ಒಂದು ಪ್ರಶ್ನೆ, ಅದೂ ಉಪ್ಪಿನ ವಿಷಯ. ಅದನ್ನೂ ಅವನು ನೆಟ್ಟಗೆ ಕೇಳಿರಲಿಲ್ಲ. ಈ ಜರ್ಮನ್ ಮನುಷ್ಯ ಇಟಾಲಿಯನ್ ಕಲಿತದ್ದು ಶಾಲೆಯಲ್ಲಲ್ಲ, ಈ ಸಿನಿಮಾಗಳನ್ನು ನೋಡಿ ನೋಡಿ. ಆದ್ದರಿಂದ ಅವನ ಬಾಯಲ್ಲಿ ಸಾದಾ ಮಾತೇ ಇರಲಿಲ್ಲ. “ಕಾಲ ಮಿಂಚುವ ಮುನ್ನ ಆ ಉಪ್ಪನ್ನು ನನ್ನ ಕೈಗೆ ಒಪ್ಪಿಸಿ” ಎಂದಿದ್ದ.

ನಡೆದದ್ದನ್ನು ಗಾಸ್ಪರೆ ವಿವರಿಸಿದ. ಆ ದಿನ ಎರ್ಸಿಲಿಯಾ ಬೆಳಿಗ್ಗೆಯೆಲ್ಲ ಇನ್ನೊಂದು ಚಿತ್ರದಲ್ಲಿ ಬೆಂಕಿಗೆ ಬಿದ್ದ ಮಾಟಗಾತಿಯರಿಗೆಲ್ಲ ಕಿರುಚಿ ಬಂದಿದ್ದಳು. ಬಾವಿಯ ದೃಶ್ಯದ ಹೊತ್ತಿಗೆ ಗಂಟಲು ಕಟ್ಟಿಹೋಗಿತ್ತು. ಅವಳು ಕಿರುಚಿದ್ದನ್ನು ಕೇಳಿ ನಿರ್ದೇಶಕ, ಬಾತುಕೋಳಿ ಸೀನಿದ ಹಾಗಿದೆ ಎಂದ. ಬೇರೆಯವಳನ್ನು ಕರೆಸಲು ಸಮಯವಿರಲಿಲ್ಲ. ಸರಿ, ಇದನ್ನೇ ಹಾಕಿಕೊಳ್ಳುತ್ತೇವೆ ಎಂದು ಅವಳನ್ನು ಸಮಾಧಾನ ಮಾಡಿದರು. ತಾನು ಮನೆಗೆ ಬಂದು ಉಗ್ರಾಣದ ಬಾಗಿಲಿನ ಕೀಲು ಕಿರುಗುಟ್ಟುವುದನ್ನು ಟೇಪಿಗೆ ಹಿಡಿದು, ಟೇಪನ್ನು ಸ್ವಲ್ಪ ಜೋರಾಗಿ ಓಡಿಸಿ, ಹುಡುಗಿಯ ಬಾಯಿಗೆ ಕೂರಿಸಿದೆ ಎಂದು ಅವನು ಹೇಳಿದ.

ಎರ್ಸಿಲಿಯಾ: ನಮ್ಮಮ್ಮನ್ನ ಕರ್ಕೊಂಡು ಟಾಕೀಸಿಗೆ ಹೋಗಿದ್ದೆ ನಾನು. ಆ ಜಾಗ ಬಂದಾಗ ಅಮ್ಮ ನನ್ನ ಕೈ ಹಿಡ್ಕೊಂಡು ಅತ್ಲು. ನಮ್ಮಮ್ಮ ಅತ್ತಿದ್ದು ಬಾಗಿಲಿಗಾ?

ಗಾಸ್ಪರೆ: ನಿಮ್ಮಮ್ಮ ಎಲ್ಲದಕ್ಕೂ ಅಳ್ತಿದ್ರು. ಜಾಹೀರಾತಿಗೂ ಅತ್ತಿದ್ರು.

ಎರ್ಸಿಲಿಯಾ: ಸತ್ತೋರ ಸುದ್ದಿಗೆ ಬರಬೇಡ.

ವೆಂಡೆಲಿನ್: ಮುದುಕಾ, ಸತ್ಯವನ್ನು ನುಡಿ. ಆ ಬಾಗಿಲು ಈಗ ಎಲ್ಲಿದೆ?

ಗಾಸ್ಪರೆಯ ಕಣ್ಣು ಬಾಲ್ಕನಿಯ ಕಡೆ ಹೋಯಿತು. ಎರ್ಸಿಲಿಯಾಳ ಕಣ್ಣೂ ಹಿಂದೆಯೇ ಹೋಯಿತು. ಅಲ್ಲಿ ಎರಡು ಮರದ ಸ್ಟ್ಯಾಂಡುಗಳ ಮೇಲೆ, ಹಿಟ್ಟು ಮೆತ್ತಿದ ಒಂದು ಉದ್ದನೆಯ ಹಲಗೆ ಇತ್ತು. ಹಳೆಯ ಮನೆ ಬಿಡುವಾಗ ಗಾಸ್ಪರೆ ಅದನ್ನು ಕಿತ್ತು ಹೊತ್ತು ತಂದಿದ್ದ. ಮೊದಲು ಸಂಸಾರ ಹೂಡಿದ ಮನೆಯ ನೆನಪಿಗಿರಲಿ ಎಂದು ತಂದನೇನೋ ಎಂದುಕೊಂಡು ಎರ್ಸಿಲಿಯಾ ಆಗ ಕರಗಿಹೋಗಿದ್ದಳು.

ಎರ್ಸಿಲಿಯಾ: ನನ್ನ ಫೆತ್ತುಚ್ಚಿನೆ ಹಲಗೆ.

ಗಾಸ್ಪರೆ: ಅದೇ.

ಎರ್ಸಿಲಿಯಾ: ಪ್ರತಿ ಭಾನುವಾರ ಹಿಟ್ಟು ಲಟ್ಟಿಸಿ, ಶಾವಿಗೆ ಹಂಗೆ ಎಳೆ ಎಳೆಯಾಗಿ ಕತ್ತರಿಸಿ, ಅದರ ಮೇಲೆ ಒಣಗ್ಸಿದೀನಿ. ನಿನ್ನ ಅಕ್ಕಂದಿರಿಗೆಲ್ಲ ಬಡಿಸಿದೀನಿ. ನೀನು ನೋಡ್ಕೊಂಡು ಕೂತಿದ್ದೆ.

ಗಾಸ್ಪರೆ: ಚೆನ್ನಾಗೇ ಒಣಗ್ತಿತ್ತಲ್ಲ.

ಎರ್ಸಿಲಿಯಾ ಎದ್ದು, ಸೆರಗಿಲ್ಲದ ಉಡುಪಿನ ಮೇಲೆ ಅಡುಗೆಯ ಏಪ್ರನ್ ಕಟ್ಟಿಕೊಂಡು, ತೀರ್ಪು ಈಗಲೇ ಆಗಬೇಕು ಎಂದಳು. ಆ ಬಾಗಿಲನ್ನು ತಂದು ನಿಲ್ಲಿಸಬೇಕು. ಅದು ಕಿರುಚಬೇಕು, ತಾನೂ ಕಿರುಚುತ್ತೇನೆ. ಕಿವಿ ಇದ್ದವರು ಹೇಳಲಿ. ಬಾಗಿಲು ಕಿರುಚಬೇಕಾದರೆ ಅದನ್ನು ಚೌಕಟ್ಟಿಗೆ ತೂಗುಹಾಕಬೇಕು. ಅಳತೆಗೆ ಹೊಂದುವ ಚೌಕಟ್ಟು ಮನೆಯಲ್ಲಿ ಒಂದೇ ಇತ್ತು, ಬಚ್ಚಲುಮನೆಯದು. ಗಾಸ್ಪರೆ ಬಚ್ಚಲಿನ ಬಾಗಿಲನ್ನು ಬಿಚ್ಚಿ ಹೊರಗಿಟ್ಟ. ವೆಂಡೆಲಿನ್ ಹಲಗೆಯನ್ನು ಎತ್ತಿ ಹಿಡಿದ. ಅವನ ಕಪ್ಪು ಕೋಟಿನ ತುಂಬ ಹಿಟ್ಟಾಯಿತು. ಗಾಸ್ಪರೆ ತುಕ್ಕು ಹಿಡಿದ ಕೀಲುಗಳನ್ನು ಒರೆಸದೆ, ಎಣ್ಣೆ ಹಾಕದೆ, ಜ್ವರದ ಮಗುವನ್ನು ಮಲಗಿಸುವಷ್ಟು ಜೋಪಾನವಾಗಿ ಕೂರಿಸತೊಡಗಿದ. ಕೆಲಸ ಅರ್ಧವಾಗಿರುವಾಗ ವೆಂಡೆಲಿನ್ ಒಂದು ಕಾಲಿನಿಂದ ಇನ್ನೊಂದು ಕಾಲಿಗೆ ಭಾರ ಬದಲಾಯಿಸಿದ.

ವೆಂಡೆಲಿನ್: ಸಿನ್ಯೋರಾ, ಈ ಮನೆಯಲ್ಲೊಂದು ಗುಪ್ತ ಕೋಣೆಯಿದೆ. ಅದು ನನ್ನನ್ನು ಕರೆಯುತ್ತಿದೆ.

ಎರ್ಸಿಲಿಯಾ: ಏನಂತೆ ಇವರಿಗೆ?

ಗಾಸ್ಪರೆ: ಬಚ್ಚಲಿಗೆ ಹೋಗ್ಬೇಕಂತೆ.

ಎರ್ಸಿಲಿಯಾ: ಬಾಗಿಲಿಲ್ಲದೆ ಹೆಂಗ್ ಹೋಗ್ತಾರೆ? ಬೇಗ ಹಾಕು.

ಗಾಸ್ಪರೆ: ಬೇಗ ಹಾಕಿದ್ರೆ ಸ್ವರ ಕೆಟ್ಟೋಗುತ್ತೆ.

ವೆಂಡೆಲಿನ್: ನಾನು ಕಾಯಬಲ್ಲೆ. ಆದರೆ ಬಹುಕಾಲ ಅಲ್ಲ.

ಬಾಗಿಲು ನಿಂತಿತು. ವೆಂಡೆಲಿನ್ ಅದನ್ನು ಮುಟ್ಟಿದರೆ ಸ್ವರ ಖರ್ಚಾಗಿಬಿಡುತ್ತದೆಂದು ಗಾಸ್ಪರೆ ತಡೆದದ್ದರಿಂದ, ಅತಿಥಿ ಹಾಗೆಯೇ ಕಾಲು ಬಿಗಿಹಿಡಿದು ನಿಂತ. ಮೊದಲ ಸರದಿ ತನ್ನದೇ ಎಂದಳು ಎರ್ಸಿಲಿಯಾ. ಕಿವಿಯೋಲೆ ತೆಗೆದಿಟ್ಟಳು. ಬಿಸಿನೀರು ಕುಡಿದಳು. ಕಾಲು ಅಗಲಿಸಿ ನಿಂತು, ಪಕ್ಕೆಯ ಮೇಲೆ ಒಂದು ಕೈಯಿಟ್ಟು, ಬಾವಿಯ ತಳ ಕಂಡವಳ ಹಾಗೆ ನೆಲವನ್ನೊಮ್ಮೆ ನೋಡಿದಳು. ಆಮೇಲೆ ಕಿರುಚಿದಳು. ಬಾಲ್ಕನಿಯ ಪಾರಿವಾಳಗಳು ಹಾರಿದವು. ಎದುರು ಕಟ್ಟಡದಲ್ಲಿ ಯಾರೋ ಕಿಟಕಿ ಮುಚ್ಚಿದರು. ವೆಂಡೆಲಿನ್‌ನ ಕಣ್ಣಲ್ಲಿ ನೀರು ಬಂತು. ಕಲೆಗೆ ಬಂತೋ ಕಾಯುವಿಕೆಗೆ ಬಂತೋ ಹೇಳುವುದು ಕಷ್ಟ.

ಸ್ವಲ್ಪ ಹೊತ್ತಿಗೆ ಮನೆಯ ಗಂಟೆ ಬಡಿಯಿತು. ಕೆಳಗಿನ ಮಹಡಿಯ ಕ್ವಿರೀನೊ ನಿಂತಿದ್ದರು. ಮದ್ದಿನ ಅಂಗಡಿ ನಡೆಸಿ ನಿವೃತ್ತರಾದವರು; ಕಟ್ಟಡದಲ್ಲಿ ಎಲ್ಲರ ಬಾಯಲ್ಲೂ ಡಾಕ್ಟ್ರು. ಊಟದ ನಂತರದ ನಿದ್ದೆಯಿಂದ ಎದ್ದು ಪೈಜಾಮದಲ್ಲೇ ಬಂದಿದ್ದರು.

ಕ್ವಿರೀನೊ: ತಪ್ಪು ತಿಳ್ಕೋಬೇಡಿ ಸಿನ್ಯೋರಾ. ಮಲಗೋ ಹೊತ್ತು. ಆ ಬಾಗಿಲಿಗೊಂದು ಚೂರು ಎಣ್ಣೆ ಹಾಕ್ಸಿ.

ಎರ್ಸಿಲಿಯಾ: ಯಾವ ಬಾಗಿಲಿಗೆ ಡಾಕ್ಟ್ರೇ?

ಕ್ವಿರೀನೊ: ಈಗ ಕಿರ್ ಅಂದಿತಲ್ಲ, ಅದಕ್ಕೆ. ತುಂಬಾ ಹಳೇದು ಅನ್ಸುತ್ತೆ. ಆಗದೇ ಇದ್ರೆ ತೆಗೆಸಿ ಹೊಸದು ಹಾಕ್ಸಿಬಿಡಿ.

ಗಾಸ್ಪರೆ ಗೋಡೆಯ ಕಡೆ ತಿರುಗಿ ನಿಂತ. ಅವನ ಭುಜ ಕುಲುಕುತ್ತಿತ್ತು. ಹಾಕಿಸುತ್ತೇನೆ ಎಂದು ಎರ್ಸಿಲಿಯಾ ಕ್ವಿರೀನೊ ಅವರನ್ನು ಸಾಗಹಾಕಿದಳು. ಅವರು ಮೆಟ್ಟಿಲಿಳಿದು ಮನೆ ಸೇರಿದ ಸದ್ದು ಕೇಳಿದ ಮೇಲೆ ಗಾಸ್ಪರೆ ತನ್ನ ಸರದಿ ಎಂದ. ಬಾಗಿಲಿನ ಅಂಚನ್ನು ಎರಡು ಬೆರಳಲ್ಲಿ ಹಿಡಿದು ಮೆಲ್ಲಗೆ, ಅರ್ಧಕ್ಕೆ ತುಸು ತಡೆದು, ಮತ್ತೆ ಎಳೆದ. ಸದ್ದು ಕೀಲಿನಿಂದ ಹೊರಟು ಮೇಲೇರಿತು, ಅಲ್ಲೇ ನಡುಗಿತು, ಅಳುವಿನ ಹಾಗೆ ಇಳಿಯಿತು. ಎರ್ಸಿಲಿಯಾ ತನಗೇ ಗೊತ್ತಿಲ್ಲದೆ ಗಂಟಲು ಮುಟ್ಟಿಕೊಂಡಳು.

ಈ ಸಲ ಯಾರೂ ಗಂಟೆ ಬಾರಿಸಲಿಲ್ಲ. ಹೊರಬಾಗಿಲು ತಳ್ಳಿಕೊಂಡೇ ಕ್ವಿರೀನೊ ಒಳಗೆ ಬಂದರು. ಕೈಯಲ್ಲಿ ರಕ್ತದೊತ್ತಡ ನೋಡುವ ಯಂತ್ರವಿತ್ತು.

ಕ್ವಿರೀನೊ: ಸಿನ್ಯೋರಾ ಎಲ್ಲಿ? ಏನಾಯ್ತು ಅವರಿಗೆ?

ಎರ್ಸಿಲಿಯಾ: ಇಲ್ಲೇ ಇದೀನಿ.

ಕ್ವಿರೀನೊ: ಕೂತ್ಕೊಳ್ಳಿ. ತೋಳು ಕೊಡಿ. ಅಂಥಾ ಕೂಗು ಕೂಗಿದ್ರಲ್ಲ, ನನ್ನ ಎದೆ ನಿಂತೋಯ್ತು. ಎಲ್ಲಿ ನೋವು?

ಎರ್ಸಿಲಿಯಾ: ನಾನು ಕೂಗ್ಲಿಲ್ಲ.

ಕ್ವಿರೀನೊ: ನಾಚ್ಕೋಬೇಡಿ. ಹೆಂಗಸರ ಕೂಗು ನಂಗೊತ್ತಾಗಲ್ವಾ? ಅಷ್ಟು ವರ್ಷ ಅಂಗಡೀಲಿ ಸೂಜಿ ಚುಚ್ಚಿದೀನಿ.

ವೆಂಡೆಲಿನ್ ಈ ಗಲಾಟೆಯಲ್ಲಿ ಯಾರ ಅಪ್ಪಣೆಯೂ ಇಲ್ಲದೆ ಬಚ್ಚಲು ಹೊಕ್ಕು ಬಾಗಿಲು ಎಳೆದುಕೊಂಡ. ಬಾಗಿಲು ಮತ್ತೊಮ್ಮೆ ಹೃದಯ ಹಿಂಡಿತು. ಕ್ವಿರೀನೊ ಎರ್ಸಿಲಿಯಾಳ ಮುಖ ನೋಡಿದರು; ಅವಳ ತುಟಿ ಅಲ್ಲಾಡಿರಲಿಲ್ಲ. ಬಾಗಿಲನ್ನು ನೋಡಿದರು. ಆಮೇಲೆ ಯಂತ್ರವನ್ನು ತಮ್ಮ ತೋಳಿಗೇ ಕಟ್ಟಿಕೊಂಡು ಕೂತರು.

ಗೆದ್ದವನು ಗಾಸ್ಪರೆ. ಹೊರಗಿನವರೊಬ್ಬರು, ವಿಷಯವೇ ಗೊತ್ತಿಲ್ಲದವರು, ಹೆಂಡತಿಯನ್ನು ಬಾಗಿಲೆಂದೂ ಬಾಗಿಲನ್ನು ಹೆಂಡತಿಯೆಂದೂ ಸಾಕ್ಷಿ ನುಡಿದಿದ್ದರು. ಇದಕ್ಕಿಂತ ಇನ್ನೇನು ಬೇಕು. ಆದರೆ ಎರ್ಸಿಲಿಯಾ ಜಗಳ ಮುಂದುವರಿಸಲಿಲ್ಲ. ತಟ್ಟೆಗಳನ್ನು ಒಂದರ ಮೇಲೊಂದು ಪೇರಿಸಿ ಸಿಂಕಿಗೆ ಒಯ್ದು, ಬೆನ್ನು ಹಾಕಿ ನಿಂತು ತೊಳೆಯತೊಡಗಿದಳು. ನಲ್ಲಿಯ ನೀರು ನೀಲಿ ಉಡುಪಿಗೆ ಸಿಡಿಯುತ್ತಿದ್ದರೂ ಹಿಂದೆ ಸರಿಯಲಿಲ್ಲ.

ಎರ್ಸಿಲಿಯಾ: ಅವರ ಪುಸ್ತಕದಲ್ಲಿ ಬಾಗಿಲು ಅಂತಾನೇ ಹಾಕ್ಲಿ. ಯಾವ ಮರ ಅಂತಾನೂ ಹಾಕ್ಲಿ.

ಗಾಸ್ಪರೆ: ಬಿಡೆ. ಒಂದು ಕಿರುಚಾಟ ತಾನೆ.

ಎರ್ಸಿಲಿಯಾ: ಮುಖ ಆ ನಟಿಯರದು, ಪೋಸ್ಟರಲ್ಲಿ ಹೆಸರೂ ಅವರದೇ. ಒಳಗಡೆ ಕತ್ತಲಲ್ಲಿ ನಿಂತು ಸತ್ತಿದ್ದು ನಾನು. ಅಷ್ಟೊಂದು ಕಿರುಚಾಟದಲ್ಲಿ ಒಂದನ್ನಾದ್ರೂ ಜನ ನೆನಪಿಟ್ಕೊಂಡಿದಾರೆ, ಅದು ನಂದು ಅಂದ್ಕೊಂಡಿದ್ದೆ. ಅದೂ ಮರದ್ದು.

ಗಾಸ್ಪರೆಯ ಮುಖದ ಮೇಲಿದ್ದ ಗೆಲುವು ಇಳಿದುಹೋಯಿತು. ಬಿಡಿಸಿಟ್ಟ ಕಿತ್ತಳೆಯ ಒಂದು ತೊಳೆಯನ್ನು ಅವಳ ಕಡೆ ಚಾಚಿದ, ಅವಳು ನೋಡಲಿಲ್ಲ.

ಗಾಸ್ಪರೆ: ಬಾಗಿಲು ಅಂದ್ನಲ್ಲ. ಪೂರ್ತಿ ಬಾಗಿಲು ಅಲ್ಲ ಅನ್ಸುತ್ತೆ.

ಎರ್ಸಿಲಿಯಾ: ಅರ್ಧ ಬಾಗಿಲಾ?

ಗಾಸ್ಪರೆ: ವಯಸ್ಸಾಯ್ತು, ನೆನಪಿರಲ್ಲ. ನಿನ್ನ ಹೆಸರೇ ಹಾಕ್ಲಿ ಬಿಡು.

ಎರ್ಸಿಲಿಯಾ: ಪ್ರಿಂಟ್ ಆದ್ರೆ ಸುಳ್ಳು ಅಲ್ಲಾಡಲ್ಲ ಅಂದ್ಯಲ್ಲ ಈಗ. ಭಿಕ್ಷೆ ಹಾಕ್ಬೇಡ ನಂಗೆ.

ಅಷ್ಟರಲ್ಲಿ ಹಗುರಾಗಿ ಹೊರಬಂದ ವೆಂಡೆಲಿನ್‌ಗೆ ಮನೆಯ ಹವೆ ಬದಲಾಗಿದ್ದು ತಿಳಿಯಿತು. ಅವನು ತಲೆ ತಗ್ಗಿಸಿ ನಿಂತು, ತನ್ನ ಬಳಿ ಒಂದು ಉಡುಗೊರೆಯಿದೆ ಎಂದ. ಬ್ರೆಮೆನ್‌ನಲ್ಲಿ ಅವನ ಜನ ಆ ಚಿತ್ರದ ಮೂಲ ಧ್ವನಿಪಟ್ಟಿಯನ್ನು ತೊಳೆದು ಮುಗಿಸಿದ್ದರು. ಇಷ್ಟು ವರ್ಷ ಜಗತ್ತು ಕೇಳಿದ್ದು ಸವೆದ ಪ್ರಿಂಟಿನ ಗೊರಗೊರ, ಅದರ ಮೇಲೆ ಬೀಸುವ ಬಿರುಗಾಳಿ, ಅದರ ನಡುವೆ ಕಿರುಚಾಟ. ಈಗ ಗೊರಗೊರವೂ ಇಲ್ಲ, ಬಿರುಗಾಳಿಯನ್ನೂ ಬೇರೆ ಮಾಡಿದ್ದಾರೆ. ಫೈಲು ಇಂದು ಬೆಳಿಗ್ಗೆಯಷ್ಟೇ ಬಂದಿದೆ. ಸಂದರ್ಶನ ಮುಗಿದ ಮೇಲೆ ಸಿನ್ಯೋರಾರ ಜೊತೆ ಕೂತು ಮೊದಲ ಸಲ ಕೇಳೋಣವೆಂದು ತಾನೂ ತೆರೆದಿಲ್ಲ. ಬಾಗಿಲೋ ಮನುಷ್ಯರೋ ಎಂಬುದು ಅದರಲ್ಲಿ ತಿಳಿಯದೆ ಇರದು.

ಗಾಸ್ಪರೆ: ಗಾಳೀನೂ ತೆಗೆದ್ರಾ?

ವೆಂಡೆಲಿನ್: ಗಾಳಿಯೂ ಇಲ್ಲ. ಇನ್ನು ಯಾವ ರಹಸ್ಯವೂ ಉಳಿಯದು.

ಗಾಸ್ಪರೆ: ಮೊದ್ಲು ಕಾಫಿ ಕುಡಿಯೋಣ.

ಎರ್ಸಿಲಿಯಾ: ಈಗ ತಾನೆ ಕುಡಿದ್ಯಲ್ಲ.

ಗಾಸ್ಪರೆ: ಹಂಗಾದ್ರೆ ಡಾಕ್ಟ್ರಿಗೆ. ಪಾಪ, ನಿದ್ದೆ ಇಲ್ಲ ಅವರಿಗೆ. ಅವರನ್ನ ಕೆಳಗೆ ಬಿಟ್ಟು ಬರ್ತೀನಿ.

ಕ್ವಿರೀನೊ: ನಾನೆಲ್ಲೂ ಹೋಗಲ್ಲ. ನಂಗೂ ಗೊತ್ತಾಗ್ಬೇಕು.

ವೆಂಡೆ‌ಲಿನ್ ಕಂಪ್ಯೂಟರಿಗೆ ಸ್ಪೀಕರು ಸಿಕ್ಕಿಸಿದ. ಎರ್ಸಿಲಿಯಾ ಕೈ ಒರೆಸಿಕೊಂಡು ಬಂದು ಕೂತಳು. ಕಿರುಚಾಟ ಮನೆಯನ್ನು ತುಂಬಿತು. ಎಷ್ಟು ನಿಚ್ಚಳವಾಗಿತ್ತೆಂದರೆ ಉಸಿರು ಒಳಗೆಳೆದುಕೊಂಡದ್ದೂ ಕೇಳಿತು, ಮತ್ತು ಉಸಿರೆಳೆಯುವ ಬಾಗಿಲನ್ನು ಅಲ್ಲಿದ್ದ ಯಾರೂ ಕಂಡಿರಲಿಲ್ಲ. ಎರ್ಸಿಲಿಯಾಳ ಬೆನ್ನು ನೆಟ್ಟಗಾಯಿತು. ಕಿರುಚಾಟ ಏರಿ, ನಡುಗಿ, ಇಳಿದು ಮುಗಿಯಿತು. ಹಿಂದೆಯೇ, ಅಲ್ಲಿಯವರೆಗೆ ಬಿರುಗಾಳಿ ಮುಚ್ಚಿಟ್ಟಿದ್ದ ಜಾಗದಿಂದ, ಇಲಿಮರಿಯ ಹಾಗೆ ಸಣ್ಣಗಿನ ಒಂದು ದನಿ ಬಂತು: “ಸಂತ ಅಂತೋನಿಯೇ, ಬೆರಳು, ನನ್ನ ಬೆರಳು.”

ಕ್ವಿರೀನೊ ತೋಳಿಗೆ ಕಟ್ಟಿದ್ದ ಯಂತ್ರವನ್ನು ಬಿಚ್ಚಿಟ್ಟರು.

ಕ್ವಿರೀನೊ: ಇದು ಬಾಗಿಲು ಆಡೋ ಮಾತಲ್ಲ.

ವೆಂಡೆಲಿನ್: ಬಾವಿಯಲ್ಲಿ ಯಾವುದೋ ಆತ್ಮ ನರಳುತ್ತಿದೆ.

ಎರ್ಸಿಲಿಯಾ: ಟೇಪು ಜೋರಾಗಿ ಓಡ್ಸಿದೆ ಅಂದನಲ್ಲ ಇವನು. ಸ್ವಲ್ಪ ನಿಧಾನಕ್ಕೆ ಹಾಕಿ ನೋಡೋಣ.

ವೆಂಡೆಲಿನ್ ನಿಧಾನಗೊಳಿಸಿದ. ಇಲಿಮರಿ ದಪ್ಪಗಾಯಿತು, ಗಂಡಸಾಯಿತು, ತೆಸ್ತಾಚ್ಚೊದವನಾಯಿತು. ಸಂತ ಅಂತೋನಿಯನ್ನು ಕರೆಯುವಾಗ ನಡುವೆ ಎಳೆಯುವ ಆ ರಾಗವನ್ನು ಎರ್ಸಿಲಿಯಾ ಸಂಸಾರದುದ್ದಕ್ಕೂ ಕೇಳಿದ್ದಳು. ಬೀಗದ ಕೈ ಕಳೆದಾಗ, ಬೆನ್ನು ಹಿಡಿದಾಗ, ಫುಟ್‌ಬಾಲಿನಲ್ಲಿ ರೋಮಾ ತಂಡ ಸೋತಾಗ. ಅವಳು ನಿಧಾನವಾಗಿ ಗಂಡನ ಕಡೆ ತಿರುಗಿದಳು. ಗಾಸ್ಪರೆ ಎಡಗೈಯನ್ನು ಜೇಬಿಗೆ ಹಾಕಿಕೊಂಡ.

ಆಮೇಲೆ ಎಲ್ಲ ಹೊರಬಂತು. ಉಗ್ರಾಣದಲ್ಲಿ ಕೀಲಿನ ಪಕ್ಕ ಮೈಕು ಹಿಡಿದು ಕುಕ್ಕುರುಗಾಲಲ್ಲಿ ಕೂತಿದ್ದನಂತೆ. ಬಾಗಿಲು ಬಡಿದುಕೊಂಡಿತು, ಬೆರಳು ಸಂದಿಯಲ್ಲಿತ್ತು, ಟೇಪು ಓಡುತ್ತಿತ್ತು. ಸ್ಟುಡಿಯೋದಲ್ಲಿ ಅದನ್ನು ಜೋರಾಗಿ ಓಡಿಸಿ ಕೇಳಿಸಿದಾಗ ನಿರ್ದೇಶಕ ಕುರ್ಚಿಯಿಂದೆದ್ದು ಕಣ್ಣೊರೆಸಿಕೊಂಡು, ಈ ಹೆಂಗಸು ಯಾರು, ನನಗೀಗಲೇ ಪರಿಚಯ ಮಾಡಿಸು ಎಂದನಂತೆ. ಆಗ ಗಾಸ್ಪರೆಗೆ ಇಷ್ಟು ದಪ್ಪ ಮೀಸೆ ಇತ್ತು. ಹೆಂಗಸಲ್ಲ, ಬಾಗಿಲು ಎಂದುಬಿಟ್ಟ. ಕೊನೆಯ ಮಾತು ಕೇಳಿಸದಿರಲೆಂದು ತಾನೇ ಅದರ ಮೇಲೆ ಬಿರುಗಾಳಿ ಬೀಸಿದ. ಹಾಗೆ ಹೇಳುತ್ತ ಹೇಳುತ್ತ ಬಾಗಿಲೇ ಎಂದು ತನಗೂ ಮುಕ್ಕಾಲು ಪಾಲು ನಂಬಿಕೆ ಬಂದಿತ್ತಂತೆ.

ಎರ್ಸಿಲಿಯಾ ನಗಲಿಲ್ಲ. ಇನ್ನೊಂದು ಸಲ ಹಾಕಿ ಎಂದಳು. ಮತ್ತೊಂದು ಸಲ. ಕಣ್ಣು ಮುಚ್ಚಿ, ತಲೆ ಓರೆಮಾಡಿ ಕೇಳಿದಳು. ಹೊಸ ಹುಡುಗಿಯರು ಕಿರುಚುವುದನ್ನು ಕೇಳಲು ಸ್ಟುಡಿಯೋದಲ್ಲಿ ಹೀಗೇ ಕೂರುತ್ತಿದ್ದಳು.

ಎರ್ಸಿಲಿಯಾ: ಉಸಿರು ಎಲ್ಲಿಂದ ತಗೊಂಡೆ?

ಗಾಸ್ಪರೆ: ಯಾರಿಗ್ಗೊತ್ತು. ಅದಾಗೇ ಬಂತು.

ಎರ್ಸಿಲಿಯಾ: ಹೊಟ್ಟೆಯಿಂದ ಬಂದಿದೆ. ನಂಗೆ ಅದು ಬರೋಕೆ ವರ್ಷಗಟ್ಟಲೆ ಬೇಕಾಯ್ತು. ಕೊನೇಲಿ ಚೂರು ಮೂಗು ಸೇರಿದೆ, ಅದು ಬಿಟ್ರೆ ಹೆಸರಿಡೋ ಹಾಗಿಲ್ಲ.

ಗಾಸ್ಪರೆ: ಸುಮ್ನಿರು ಮಾರಾಯ್ತಿ.

ವೆಂಡೆಲಿನ್‌ಗೆ ನಿಂತಲ್ಲಿ ನಿಲ್ಲಲಾಗಲಿಲ್ಲ. ಯುರೋಪಿನ ಅತ್ಯಂತ ಪ್ರಸಿದ್ಧ ಕನ್ಯೆಯ ಆರ್ತನಾದ ಮೀಸೆಯ ಗಂಡಸಿನದು. ಇದನ್ನು ಪೆಟ್ಟಿಗೆಯ ಮೇಲೇ ಅಚ್ಚು ಹಾಕಿಸುತ್ತೇನೆ, ಆ ಬಾಗಿಲಿನ ಮುಂದೆ ನಿಲ್ಲಿಸಿ ಫೋಟೋ ತೆಗೆಯುತ್ತೇನೆ, ಕೈ ಜೇಬಿನಿಂದ ತೆಗೆಯಬೇಕು ಎಂದ. ಗಾಸ್ಪರೆ ಗಾಬರಿಯಾದ. ಕೆಳಗೆ ಬಾರಿನಲ್ಲಿ ದಿನಾ ಇಸ್ಪೀಟು ಆಡುವವರಿಗೆ ಗೊತ್ತಾದರೆ ತಾನು ಕಟ್ಟಡ ಬಿಟ್ಟು ಇಳಿಯುವ ಹಾಗಿಲ್ಲ. ದಯವಿಟ್ಟು ಎರ್ಸಿಲಿಯಾಳ ಹೆಸರು ಹಾಕಿ, ಇಲ್ಲ ಬಾಗಿಲಿನ ಹೆಸರಾದರೂ ಹಾಕಿ ಎಂದು ಗೋಗರೆದ. ತಾನು ಯಾರಿಗೂ ಹೇಳುವುದಿಲ್ಲವೆಂದು ಕ್ವಿರೀನೊ ಮಾತು ಕೊಟ್ಟರು. ಕ್ವಿರೀನೊ ಅವರಿಗೆ ತಿಳಿದ ವಿಷಯ ಸಂಜೆಯೊಳಗೆ ನದಿ ದಾಟುತ್ತದೆಂದು ಎಲ್ಲರಿಗೂ ಗೊತ್ತಿತ್ತು.

ವೆಂಡೆಲಿನ್: ಆದರೆ ಒಂದು ಮಾತು ಉಳಿದಿದೆ. ಆ ಬಾಗಿಲನ್ನು ಮುಚ್ಚಿದ ಕೈ ಯಾರದು?

ಗಾಸ್ಪರೆ: ಗಾಳಿ.

ಎರ್ಸಿಲಿಯಾ: ಉಗ್ರಾಣಕ್ಕಾಗ್ಲಿ ಅದ್ರ ಮುಂದಿನ ಅಡುಗೆಮನೆಗಾಗ್ಲಿ ಕಿಟಕೀನೇ ಇರ್ಲಿಲ್ಲ.

ಗಾಸ್ಪರೆ: ಯಾವ ಕಡೆಯಿಂದಾನೋ ಬಂತು. ಬಿಡು ಅದನ್ನ.

ಎರ್ಸಿಲಿಯಾ ಬಿಡಲಿಲ್ಲ. ಗಂಟಲಿನ ಮೇಲೆ ಕೈಯಿಟ್ಟುಕೊಂಡು ಯೋಚಿಸಿದಳು. ಬಾತುಕೋಳಿ ಎಂದು ನಿರ್ದೇಶಕ ಅಂದಾಗ ಮೂಲೆಯಲ್ಲಿ ಕೂತಿದ್ದ ಗಾಸ್ಪರೆ ಹೌದೆಂದು ತಲೆಯಾಡಿಸಿದ್ದ. ಅದನ್ನು ಅವಳು ಕಂಡಿದ್ದಳು. ಮನೆಗೆ ಬಂದರೆ ಅವನು ಉಗ್ರಾಣದಲ್ಲಿ ಟೊಮೇಟೊ ಸೀಸೆಗಳ ನಡುವೆ ಕಿವಿಗೆ ಯಂತ್ರ ಸಿಕ್ಕಿಸಿಕೊಂಡು, ಏನೂ ಆಗದವನ ಹಾಗೆ ಕುಕ್ಕುರುಗಾಲಲ್ಲಿ ಕೂತಿದ್ದ. ಬೈಯೋಣವೆಂದು ಬಾಯಿ ತೆರೆದಳು, ದನಿಯೇ ಹೊರಡಲಿಲ್ಲ. ಬಾಯಲ್ಲಿ ಆಗದ್ದನ್ನು ಕೈಯಲ್ಲಿ ತೀರಿಸಿ, ಬಾಗಿಲನ್ನು ಮೈಯಲ್ಲಿದ್ದ ಬಲವನ್ನೆಲ್ಲ ಹಾಕಿ ಬಡಿದು, ಹಾಗೆಯೇ ಓಸ್ತಿಯಾದಲ್ಲಿದ್ದ ತಂಗಿಯ ಮನೆಗೆ ಹೊರಟುಬಿಟ್ಟಿದ್ದಳು. ಬೆನ್ನ ಹಿಂದೆ ಏನೋ ಕೇಳಿಸಿತ್ತು. ಪಕ್ಕದ ಮನೆಯ ಹೆಂಗಸಿರಬೇಕೆಂದುಕೊಂಡು ಮೆಟ್ಟಿಲಿಳಿದಿದ್ದಳು. ಕೋಪ ಇಳಿದು ವಾಪಸು ಬಂದಾಗ ಅವನ ಕೈಗೆ ಬಟ್ಟೆ ಸುತ್ತಿತ್ತು. ಟ್ರಾಮಿನ ಬಾಗಿಲು ಎಂದಿದ್ದ.

ಎರ್ಸಿಲಿಯಾ: ನಾನೇ ಅಂತ ನಿಂಗೊತ್ತಿತ್ತಾ?

ಗಾಸ್ಪರೆ: ಇನ್ಯಾರು ಹಂಗೆ ಬಾಗಿಲು ಹಾಕ್ತಾರೆ?

ಅವಳು ಅವನ ಎಡಗೈಯನ್ನು ಜೇಬಿನಿಂದ ಎಳೆದು, ತಿರುಗಿಸಿ ನೋಡಿ, ಮತ್ತೆ ಜೇಬಿಗೇ ಹಾಕಿದಳು. ಮೇಜಿನ ಮೇಲಿದ್ದ ಕಿತ್ತಳೆಯ ತೊಳೆಯನ್ನು ಬಾಯಿಗಿಟ್ಟುಕೊಂಡಳು. ಏಪ್ರನ್ ಬಿಚ್ಚಿ, ಕಿವಿಯೋಲೆ ಹಾಕಿ, ಕೂದಲನ್ನು ಅಂಗೈಯಿಂದ ಒತ್ತಿ ಸರಿಮಾಡಿಕೊಂಡು, ಕ್ಯಾಮೆರಾದ ಮುಂದಿನ ಕುರ್ಚಿಯಲ್ಲಿ ಕೂತಳು.

ವೆಂಡೆಲಿನ್: ಅಪ್ಪಣೆ ಕೊಡಿ ಸಿನ್ಯೋರಾ. ಯಾರ ಹೆಸರನ್ನು ಬರೆಯಲಿ?

ಎರ್ಸಿಲಿಯಾ: ಇಬ್ಬರದೂ ಬರ್ಕೊಳ್ಳಿ. ಬಾವಿಯಲ್ಲಿ ಕಿರುಚಿದ್ದು, ಗಾಸ್ಪರೆ ಬೊನಾಫೇದೆ. ಕಿರುಚಿಸಿದ್ದು, ಎರ್ಸಿಲಿಯಾ ತೊಝ್ಝಿ. ನನ್ನ ಹೆಸರು ಮೇಲಿರ್ಲಿ.